ಪರಂಗಿಕಾಯಿಗೆ ಆರು ದಿನ

ಯಲಹಂಕದಿಂದ ದೊಡ್ಡಬಳ್ಳಾಪುರದ ಕಡೆ ಹೋಗುವ ರಸ್ತೆಯಲ್ಲಿ ತಳ್ಳುಗಾಡಿ ನಿಲ್ಲಿಸಿಕೊಂಡಿದ್ದ ಹೆಂಗಸೊಬ್ಬರ ಹತ್ತಿರ ಕಳೆದ ವಾರ ಪರಂಗಿಕಾಯಿ ಕೇಳಿದೆ. ಹಣ್ಣಲ್ಲ, ಕಾಯಿ. ಉಗುರಿನಿಂದ ಗೀರಿದರೆ ಹಾಲು ಒಸರಬೇಕು, ಒಳಗಿನ ಬೀಜ ಇನ್ನೂ ಬೆಳ್ಳಗಿರಬೇಕು. ಆಕೆ ತಕ್ಷಣ ಕೊಡಲಿಲ್ಲ. "ಮನೇಲಿ ಬಸುರಿ ಯಾರೂ ಇಲ್ಲ ತಾನೇ?" ಅಂತ ಕೇಳಿದರು. ಇಲ್ಲ ಅಂದ ಮೇಲೆ ಗಾಡಿಯ ಕೆಳಗಿನ ಗೋಣಿಚೀಲದಿಂದ ಎರಡು ಕಾಯಿ ತೆಗೆದರು. "ಪಲ್ಯಕ್ಕಾ?" "ಇಲ್ಲ, ಬ್ರೆಡ್ಡಿಗೆ." ಬನ್ನಿನಲ್ಲಿ ಸಿಗುತ್ತದಲ್ಲ ಕೆಂಪು, ಹಸಿರು, ಹಳದಿ ಚೂರು, ಅದು ಇದೇ ಕಾಯಿ ಎಂದೆ. ಎಷ್ಟೋ ವರ್ಷಗಳಿಂದ ಪರಂಗಿ ಮಾರುತ್ತಿರುವ ಅವರು ಕೈಯಲ್ಲಿದ್ದ ಕಾಯನ್ನು ಒಮ್ಮೆ ತಿರುಗಿಸಿ ನೋಡಿದರು, ಮೊದಲ ಸಲ ನೋಡುವವರ ಹಾಗೆ.

ಟೂಟಿಫ್ರೂಟಿ ಅಂದರೆ ಇಟಾಲಿಯನ್ ಭಾಷೆಯಲ್ಲಿ ಎಲ್ಲ ಹಣ್ಣುಗಳು ಎಂದರ್ಥ. ನಮ್ಮ ಟೂಟಿಫ್ರೂಟಿಯಲ್ಲಿ ಇರುವುದು ಒಂದೇ, ಅದೂ ಕಾಯಿ. ಬಣ್ಣ ಮೂರು, ಕಾಯಿ ಒಂದು. ಬೇಕರಿ ಬನ್ನಿನ ನೆತ್ತಿಯ ಮೇಲೆ ಕೂತ ಕೆಂಪು ಚೆರ್ರಿಯೂ ಎಷ್ಟೋ ಸಲ ಚೆರ್ರಿಯಲ್ಲ, ನಮ್ಮ ಬೇಲಿಯ ಕವಳೆಕಾಯಿ. ಇದನ್ನು ಮೋಸ ಎನ್ನುವವರಿದ್ದಾರೆ. ನಾನು ಹಾಗೆನ್ನುವುದಿಲ್ಲ. ಚೆರ್ರಿ, ಕಿತ್ತಳೆ ಸಿಪ್ಪೆಗಳನ್ನು ಸಕ್ಕರೆಯಲ್ಲಿ ಊರಿಸಿ ಬ್ರೆಡ್ಡಿಗೆ ಹಾಕುವ ಯುರೋಪಿನ ಚಳಿಗಾಲದ ವಿದ್ಯೆಯನ್ನು ನಮ್ಮವರು ಕೈಗೆ ಸಿಕ್ಕ ಕಾಯಿಗೆ ಒಗ್ಗಿಸಿಕೊಂಡರು. ಪರಂಗಿ ಎಂಬ ಹೆಸರಿನಲ್ಲೇ ಫರಂಗಿಯವರ ಗುರುತಿದೆ. ಅಮೆರಿಕ ಖಂಡದ ಆ ಗಿಡ ಇಲ್ಲಿ ಹಿತ್ತಿಲ ಗಿಡವಾದ ಹಾಗೆ, ಬ್ರೆಡ್ಡೂ ಇಲ್ಲಿ ನಮ್ಮದಾಯಿತು.

ಹಾಸನ ಸೀಮೆಯಿಂದ ಬಂದ ಎಚ್.ಎಸ್. ತಿರುಮಲಾಚಾರ್ ಬೆಂಗಳೂರಿನ ಚಿಕ್ಕಪೇಟೆಯಲ್ಲಿ ಬಿ.ಬಿ. ಬೇಕರಿ ಶುರು ಮಾಡಿದ್ದು 1898ರಲ್ಲಿ. ಅಲ್ಲಿಂದ ಹಬ್ಬಿದ ಅಯ್ಯಂಗಾರ್ ಬೇಕರಿಗಳು ಇವತ್ತು ಆರ್.ಟಿ. ನಗರದ ಅಡ್ಡರಸ್ತೆಗಳಲ್ಲೂ ಇವೆ, ಯಶವಂತಪುರದ ಸರ್ಕಲ್ಲಿನ ಸುತ್ತಲೂ ಇವೆ. ಮೊಟ್ಟೆ ಇಲ್ಲದ ಹಿಟ್ಟಿಗೆ ಟೂಟಿಫ್ರೂಟಿ ಹಾಕಿ ಉಬ್ಬಿಸಿದ ಬ್ರೆಡ್ಡು, ತೆಂಗಿನಕಾಯಿ ತುರಿಯ ಜೊತೆ ಅದೇ ಚೂರುಗಳನ್ನು ತುಂಬಿ ತ್ರಿಕೋನವಾಗಿ ಕತ್ತರಿಸಿ ಕೊಡುವ ದಿಲ್‌ಪಸಂದ್: ಈ ಊರಿನಲ್ಲಿ ಬೆಳೆದ ಮಗುವಿನ ಬಾಯಿಗೆ ಕ್ರಿಸ್‌ಮಸ್ ಕೇಕಿಗಿಂತ ಮೊದಲು ತಾಗುವ ರುಚಿ ಇದು. ಆದರೂ ಡಿಸೆಂಬರ್ ಬಂತೆಂದರೆ ಮಾತೆಲ್ಲ ಪ್ಲಮ್ ಕೇಕಿನದು. ರಮ್ಮಿನಲ್ಲಿ ಎಷ್ಟು ವಾರ ದ್ರಾಕ್ಷಿ ನೆನೆಸಿದಿರಿ, ಎಷ್ಟು ಗೋಡಂಬಿ ಹಾಕಿದಿರಿ ಎಂಬುದೇ ವಿಚಾರಣೆ. ಟೂಟಿಫ್ರೂಟಿ ಬ್ರೆಡ್ಡನ್ನು ಹಬ್ಬದ ಮೇಜಿಗೆ ಯಾರೂ ಕರೆಯುವುದಿಲ್ಲ.

ಕರೆಯದಿರುವುದಕ್ಕೆ ಕಾರಣವಿದೆ. ಅಂಗಡಿಯ ಪೊಟ್ಟಣದಲ್ಲಿ ಬರುವ ಅಗ್ಗದ ಚೂರು ಹಲ್ಲಿಗೆ ರಬ್ಬರಿನ ಹಾಗೆ ಸಿಗುತ್ತದೆ, ಸಕ್ಕರೆ ಬಿಟ್ಟು ಬೇರೆ ರುಚಿ ಇಲ್ಲ, ಬಣ್ಣ ಬೆರಳಿಗೆ ಹತ್ತುತ್ತದೆ. ಬಣ್ಣದ ಹೆದರಿಕೆ ಸುಳ್ಳಲ್ಲ. 2024ರಲ್ಲಿ ರಾಜ್ಯದ ಆಹಾರ ಸುರಕ್ಷತಾ ಇಲಾಖೆ ಪರೀಕ್ಷಿಸಿದ 235 ಕೇಕ್ ಮಾದರಿಗಳಲ್ಲಿ 12 ಮಾದರಿಗಳು ಕೃತಕ ಬಣ್ಣದ ಕಾರಣಕ್ಕೆ ಅಸುರಕ್ಷಿತ ಎಂದು ಬಂದವು. ಆ ವರದಿ ಬಂದ ವಾರ ಎಷ್ಟೋ ಮನೆಗಳಲ್ಲಿ ಬಣ್ಣದ್ದೇನೂ ಬೇಡ ಎಂಬ ತೀರ್ಮಾನವಾಯಿತು. ನನಗೆ ಸಂಕಟವಾಗಿದ್ದು ಅದಕ್ಕೇ. ತಪ್ಪು ಅವಸರದ ಪಾಕದ್ದು, ಡಬ್ಬಿಯ ಬಣ್ಣದ್ದು, ಕಾಯಿಯದ್ದಲ್ಲ. ಅದಕ್ಕೆ ಆರು ದಿನ ಕೊಟ್ಟು ನೋಡಿ ಎಂದು ಹೇಳಲಿಕ್ಕೇ ಈ ವಾರದ ಅಂಕಣ.

ಪರಂಗಿಯ ಮಟ್ಟಿಗೆ ನಮ್ಮ ಉತ್ತರ ಬೆಂಗಳೂರಿಗೆ ಒಂದು ಹಕ್ಕೇ ಇದೆ. ಯಲಹಂಕದಿಂದ ಸ್ವಲ್ಪ ದೂರದ ಹೆಸರಘಟ್ಟದ ತೋಟಗಾರಿಕಾ ಸಂಶೋಧನಾ ಸಂಸ್ಥೆಯಲ್ಲಿ ಅರ್ಕಾ ಸೂರ್ಯ, ಅರ್ಕಾ ಪ್ರಭಾತ್ ಎಂಬ ತಳಿಗಳು ರೂಪುಗೊಂಡವು. ಕೊಡಗಿನ ಚೆಟ್ಟಳ್ಳಿ ಕೇಂದ್ರದ ಕೂರ್ಗ್ ಹನಿಡ್ಯೂ ಇನ್ನೂ ಹಳೆಯದು. ಇವೆಲ್ಲ ಹಣ್ಣಾಗಿ ತಿನ್ನಲು ಹೆಸರಾದವು. ಕಾಯಿಯ ಲೋಕವೇ ಬೇರೆ. ಕಾಯಿಯ ಮೈ ಗೀರಿ ಒಸರುವ ಹಾಲನ್ನು ಪಪೇನ್ ಎಂಬ ಕಿಣ್ವ ತಯಾರಿಸಲು ಸಂಗ್ರಹಿಸುತ್ತಾರೆ. ಹಾಗೆ ಗೀರು ಬಿದ್ದ ಕಾಯಿ ಮಾರುಕಟ್ಟೆಯಲ್ಲಿ ಹಣ್ಣಾಗಿ ಮಾರಾಟವಾಗುವುದಿಲ್ಲ, ಟೂಟಿಫ್ರೂಟಿ ಕಾರ್ಖಾನೆಗೆ ಹೋಗುತ್ತದೆ. ಯಾರಿಗೂ ಬೇಡವಾದ ಕಾಯಿ ಹೀಗೆ ಮಕ್ಕಳ ಬನ್ನಿಗೆ ಬಂದು ಸೇರುತ್ತದೆ.

ಇನ್ನು ಕೆಲಸಕ್ಕೆ ಬರೋಣ. ಸಿಪ್ಪೆ, ಬೀಜ ತೆಗೆದ ಒಂದು ಕಿಲೋ ಕಾಯನ್ನು ಕಡಲೆಕಾಳಿನ ಗಾತ್ರಕ್ಕಿಂತ ಸ್ವಲ್ಪ ದೊಡ್ಡದಾಗಿ ಹೆಚ್ಚಿ. ಎಲೆಅಡಿಕೆಗೆ ಹಾಕುವ ಸುಣ್ಣ ಒಂದು ಚಮಚ ತೆಗೆದುಕೊಂಡು ಎರಡು ಲೀಟರ್ ನೀರಿಗೆ ಕದಡಿ, ಕೆಳಗೆ ಕೂತ ಮೇಲೆ ತಿಳಿಯನ್ನಷ್ಟೇ ಬಸಿದುಕೊಂಡು ಅದರಲ್ಲಿ ಹೋಳುಗಳನ್ನು ನಾಲ್ಕು ಗಂಟೆ ನೆನೆಸಬೇಕು. ಬೂದುಗುಂಬಳದ ಪೇಠಾ ಮಾಡುವವರ ಗುಟ್ಟೂ ಇದೇ. ಕಾಯಿಯಲ್ಲಿರುವ ಪೆಕ್ಟಿನ್ ಅನ್ನು ಸುಣ್ಣದ ಕ್ಯಾಲ್ಸಿಯಂ ಹಿಡಿದುಕೊಂಡು ಹೋಳಿನ ಗೋಡೆ ಗಟ್ಟಿಯಾಗುತ್ತದೆ. ಮುಂದೆ ಎಷ್ಟು ಸಲ ಬಿಸಿ ಪಾಕಕ್ಕೆ ಬಿದ್ದರೂ ಮೂಲೆ ಮುರಿಯುವುದಿಲ್ಲ. ಆಮೇಲೆ ಐದು ನೀರಿನಲ್ಲಿ ತೊಳೆಯಿರಿ. ಐದು ಅಂದರೆ ಐದು. ಕಾರಣ ಮುಂದೆ ಹೇಳುತ್ತೇನೆ. ತೊಳೆದ ಹೋಳನ್ನು ಕುದಿಯುವ ನೀರಿನಲ್ಲಿ ಐದಾರು ನಿಮಿಷ ಬೇಯಿಸಿದರೆ ಬಿಳಿ ಹೋಗಿ ಮಂಜುಗಾಜಿನ ಹಾಗೆ ಕಾಣುತ್ತದೆ.

ಮೊದಲ ದಿನ 400 ಗ್ರಾಂ ಸಕ್ಕರೆ, 600 ಮಿಲಿ ನೀರು. ಬಿಸಿ ಪಾಕಕ್ಕೆ ಹೋಳು ಹಾಕಿ ಮುಚ್ಚಿಟ್ಟುಬಿಡಿ. ಮರುದಿನದಿಂದ ದಿನಕ್ಕೊಮ್ಮೆ ಹೋಳು ಸೋಸಿ ತೆಗೆದು, ಪಾಕಕ್ಕೆ 200 ಗ್ರಾಂ ಸಕ್ಕರೆ ಸೇರಿಸಿ ಕುದಿಸಿ ಬತ್ತಿಸಿ, ಮತ್ತೆ ಹೋಳನ್ನು ಅದಕ್ಕೇ ಬಿಡಬೇಕು. ಹೀಗೆ ನಾಲ್ಕು ದಿನ. ಮೊದಲ ದಿನವೇ ಗಟ್ಟಿಪಾಕಕ್ಕೆ ಹಾಕಿದರೆ ಹೋಳಿನೊಳಗಿನ ನೀರು ಒಮ್ಮೆಲೇ ಹೊರಗೆ ಓಡಿಬರುತ್ತದೆ, ಸಕ್ಕರೆ ಒಳಗೆ ಹೋಗುವಷ್ಟರಲ್ಲಿ ಹೋಳು ಸುಕ್ಕುಗಟ್ಟಿ ಚರ್ಮದಂತಾಗುತ್ತದೆ. ಅಂಗಡಿಯ ರಬ್ಬರು ಅದೇ. ಸಂಕ್ರಾಂತಿಗೆ ಕುಸುರೆಳ್ಳು ಮಾಡುವುದನ್ನು ನೋಡಿದವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಬೆಚ್ಚಗಿನ ಎಳ್ಳಿಗೆ ಒಂದೊಂದೇ ಚಮಚ ಪಾಕ ಬಿಟ್ಟು, ಕೈಯಾಡಿಸಿ, ಒಣಗಿಸಿ, ಮತ್ತೆ ಒಂದು ಚಮಚ. ಅಲ್ಲಿ ಸಕ್ಕರೆ ಕಾಳಿನ ಹೊರಗೆ ಮುಳ್ಳು ಕಟ್ಟುತ್ತದೆ, ಇಲ್ಲಿ ಹೋಳಿನ ಒಳಗೆ ಮನೆ ಮಾಡುತ್ತದೆ.

ಐದನೇ ದಿನದ ಕೊನೆಗೆ ಪಾಕ ಒಂದೆಳೆ ದಾಟಿರಬೇಕು. ಥರ್ಮಾಮೀಟರ್ ಇಟ್ಟುಕೊಂಡವರು ಒಂದು ಮಾತು ನೆನಪಿಡಿ: ನಾವು ಸಮುದ್ರಮಟ್ಟದಿಂದ ಸುಮಾರು 920 ಮೀಟರ್ ಎತ್ತರದಲ್ಲಿದ್ದೇವೆ, ನೀರು ಇಲ್ಲಿ ಸುಮಾರು 97 ಡಿಗ್ರಿಗೇ ಕುದಿಯುತ್ತದೆ. ಹೊರದೇಶದ ಪುಸ್ತಕ 106 ಡಿಗ್ರಿ ಎಂದರೆ ಹೆಬ್ಬಾಳದಲ್ಲಿ ಅದು 103. ಈ ಮೂರು ಡಿಗ್ರಿ ಗೊತ್ತಿಲ್ಲದೆ ನಾನು ಎರಡು ವರ್ಷ ಕಲ್ಲುಸಕ್ಕರೆ ಮಾಡಿಕೊಂಡೆ. ಕೊನೆಯ ಕುದಿಗೆ ಅರ್ಧ ನಿಂಬೆಹಣ್ಣಿನ ರಸ ಹಿಂಡಿ, ಪಾಕ ಹರಳುಗಟ್ಟುವುದಿಲ್ಲ.

ಬಣ್ಣ. ನಾಲ್ಕನೇ ದಿನ ಹೋಳುಗಳನ್ನು ಮೂರು ಪಾಲು ಮಾಡುತ್ತೇನೆ. ಒಂದಕ್ಕೆ ಬೀಟ್‌ರೂಟ್ ತುರಿದು ಹಿಂಡಿದ ರಸ, ಆರಿದ ಪಾಕಕ್ಕೆ. ಆ ಪಾಲನ್ನು ಮುಂದೆ ಕುದಿಸಬಾರದು, ಕುದಿಸಿದರೆ ಕೆಂಪು ಕಂದಿ ಇಟ್ಟಿಗೆಯಾಗುತ್ತದೆ. ಇನ್ನೊಂದಕ್ಕೆ ಚಿಟಿಕೆ ಅರಿಶಿನ. ಮೊದಲ ವರ್ಷ ಅರಿಶಿನ ಹಾಕಿ ತಿರುಗಿ ನೋಡುವಷ್ಟರಲ್ಲಿ ಬಟ್ಟಲಿನ ಹಳದಿ ಕೆಂಪಾಗಿತ್ತು. ಪಾತ್ರೆ ಸರಿಯಿಲ್ಲವೋ, ಅರಿಶಿನ ಕಲಬೆರಕೆಯೋ ಎಂದು ಗಾಬರಿಯಾದೆ. ಅಮ್ಮ ಬಂದು ಬಗ್ಗಿ ನೋಡಿ, "ಇದು ಆರತಿ ನೀರು ಕಣೇ. ಸುಣ್ಣ ಉಳಿದುಬಿಟ್ಟಿದೆ" ಅಂದರು. ಮದುಮಕ್ಕಳಿಗೆ ಎತ್ತುವ ಆರತಿಯ ತಟ್ಟೆಯಲ್ಲಿ ಅರಿಶಿನ ಸುಣ್ಣ ಕದಡಿ ಕೆಂಪು ಮಾಡುವುದನ್ನು ಎಷ್ಟು ಸಲ ನೋಡಿದ್ದೆ. ಆದರೆ ಪಾಕದ ಬಟ್ಟಲಿನಲ್ಲಿ ಗುರುತು ಹಿಡಿಯಲಿಲ್ಲ. ಎರಡು ಹನಿ ನಿಂಬೆರಸ ಬಿಟ್ಟೆವು. ಬಟ್ಟಲಿನ ಒಂದು ಅಂಚಿನಿಂದ ಹಳದಿ ವಾಪಸ್ಸು ಹರಡಿಕೊಂಡು ಬಂತು. ಐದು ನೀರಿನಲ್ಲಿ ತೊಳೆಯಿರಿ ಎಂದಿದ್ದು ಇದಕ್ಕೆ. ಅರಿಶಿನದ ಈ ಗುಣ ಒಲೆಯಲ್ಲೂ ಬಿಡುವುದಿಲ್ಲ: ಸೋಡಾ ಹೆಚ್ಚಾದ ಕೇಕಿನಲ್ಲಿ ಹಳದಿ ಹೋಳಿನ ಸುತ್ತ ಕೆಂಪು ಉಂಗುರ ಬೀಳುತ್ತದೆ. ಈಸ್ಟಿನ ಬ್ರೆಡ್ಡು ಸ್ವಭಾವತಃ ಹುಳಿ, ಅಲ್ಲಿ ಹಳದಿ ಹಳದಿಯಾಗಿಯೇ ಇರುತ್ತದೆ.

ಹಸಿರಿಗೆ ನಾನು ಏನನ್ನೂ ಹಾಕುವುದಿಲ್ಲ. ಸೊಪ್ಪಿನ ಹಸಿರು ಶಾಖಕ್ಕೆ ನಿಲ್ಲುವುದಿಲ್ಲ, ಡಬ್ಬಿಯ ಹಸಿರು ನನಗೆ ಬೇಡ. ಮೂರನೇ ಪಾಲನ್ನು ಹಾಗೇ ಬಿಟ್ಟು, ಅದರ ಜೊತೆಗೆ ದೇವನಹಳ್ಳಿ ಚಕ್ಕೋತದ ಸಿಪ್ಪೆ ಸೇರಿಸುತ್ತೇನೆ. ಭೌಗೋಳಿಕ ಮಾನ್ಯತೆ ಪಡೆದ ಈ ಹಣ್ಣಿನ ತೋಟಗಳು 2008ರಲ್ಲಿ ವಿಮಾನ ನಿಲ್ದಾಣ ಬಂದ ಮೇಲೆ ನಿವೇಶನಗಳ ನಡುವೆ ಕುಗ್ಗುತ್ತಾ ಬಂದಿವೆ. ಸಿಕ್ಕಾಗ ಒಂದು ಹಣ್ಣು ತಂದರೆ ತೊಳೆ ತಿಂದು ಸಿಪ್ಪೆ ಎಸೆಯಬೇಡಿ. ಹೆಬ್ಬೆರಳಿನ ದಪ್ಪದ ಆ ಬಿಳಿ ಸ್ಪಂಜಿದೆಯಲ್ಲ, ಅದನ್ನು ಮೂರು ಸಲ ನೀರು ಬದಲಿಸಿ ಕುದಿಸಿದರೆ ಕಹಿ ಇಳಿಯುತ್ತದೆ, ಪೂರ್ತಿ ಹೋಗುವುದಿಲ್ಲ. ಹೋಗಲೂಬಾರದು. ಇಷ್ಟು ಸಿಹಿಯ ನಡುವೆ ಆ ಒಂದೆಳೆ ಕಹಿಯೇ ಬ್ರೆಡ್ಡಿಗೆ ಬೆನ್ನೆಲುಬು. ಪರಂಗಿಯದ್ದೇ ಪಾಕ, ಅದೇ ಐದು ದಿನ.

ಆರನೇ ದಿನ ಎಲ್ಲವನ್ನೂ ಜಾಲರಿಯ ಮೇಲೆ ಹರಡಿ ಫ್ಯಾನಿನ ಕೆಳಗೆ ಒಣಗಿಸಿ. ಮೇಲ್ಮೈ ಅಂಟದ ಹಾಗಾಗಬೇಕು, ಒಳಗೆ ಮೆತ್ತಗಿರಬೇಕು. ಒದ್ದೆ ಹೋಳು ಹಿಟ್ಟಿಗೆ ಬಣ್ಣ ಬಿಡುತ್ತದೆ. ಬೇಯುವಾಗ ಹಬೆ ಬಿಟ್ಟು ತನ್ನ ಸುತ್ತ ಗೂಡು ಮಾಡಿಕೊಂಡು, ಕತ್ತರಿಸಿದಾಗ ಉದುರಿಹೋಗುತ್ತದೆ.

ಹಿಟ್ಟು ಕಷ್ಟವಲ್ಲ. ಅರ್ಧ ಕಿಲೋ ಮೈದಾ, 75 ಗ್ರಾಂ ಸಕ್ಕರೆ, 8 ಗ್ರಾಂ ಉಪ್ಪು, 7 ಗ್ರಾಂ ಇನ್‌ಸ್ಟಂಟ್ ಈಸ್ಟ್, ಕಾಯಿಸಿ ಆರಿಸಿದ ಹಾಲು 270 ಮಿಲಿಯಿಂದ 300ರ ತನಕ, ಮೈದಾ ಕೇಳಿದಷ್ಟು. ನಾದಿ ನುಣ್ಣಗಾದ ಮೇಲೆ 60 ಗ್ರಾಂ ಬೆಣ್ಣೆ, ಏಲಕ್ಕಿ ಪುಡಿ. ಮತ್ತೆ ನಾದಬೇಕು, ಹಿಟ್ಟನ್ನು ಎರಡು ಕೈಯಲ್ಲಿ ಎಳೆದರೆ ಹರಿಯದೆ ಬೆಳಕು ಕಾಣುವಷ್ಟು ತೆಳ್ಳಗಾಗುವ ತನಕ. ಹೋಳುಗಳನ್ನು ಆ ಮೇಲೆ ಸೇರಿಸಬೇಕು, ಮೊದಲಲ್ಲ. ಮೊದಲೇ ಹಾಕಿದರೆ ನಾದುವಾಗ ಅವು ಹಿಟ್ಟಿನ ಎಳೆಗಳನ್ನು ಕಡಿಯುತ್ತವೆ. ಹಿಟ್ಟನ್ನು ಹೋಳಿಗೆಯ ಹಾಗೆ ಹರಡಿ, 190 ಗ್ರಾಂ ಹೋಳು ಚೆಲ್ಲಿ, ಸೀರೆ ಮಡಿಸಿದ ಹಾಗೆ ಮೂರು ಮಡಿಕೆ ಮಾಡಿ. ಇಪ್ಪತ್ತು ನಿಮಿಷ ಬಿಟ್ಟು ಇನ್ನೊಮ್ಮೆ ಮಡಿಸಿದರೆ ಚೂರು ಎಲ್ಲ ಕಡೆ ಸಮನಾಗಿ ಸೇರುತ್ತದೆ.

ಆಮೇಲೆ ಕಾಯುವುದು. ಸಕ್ಕರೆ ಹೆಚ್ಚಿದ್ದಲ್ಲಿ ಈಸ್ಟಿಗೆ ನೀರು ಸಾಲದು, ಅದು ನಿಧಾನವಾಗುತ್ತದೆ. ಅದರ ಮೇಲೆ ನಮ್ಮ ಕಡೆಯ ಡಿಸೆಂಬರ್ ಚಳಿ. ರಾತ್ರಿ 15-16 ಡಿಗ್ರಿಗೆ ಇಳಿಯುತ್ತದೆ. ಮೇ ತಿಂಗಳಲ್ಲಿ ಒಂದು ಗಂಟೆಗೆ ಉಬ್ಬುವ ಹಿಟ್ಟಿಗೆ ಈಗ ಎರಡೂವರೆ ಗಂಟೆ ಬೇಕು. ಬಿಸಿನೀರಿನ ಪಾತ್ರೆಯ ಪಕ್ಕ ಇಟ್ಟು ಅವಸರಪಡಿಸುವವರಿದ್ದಾರೆ. ನಾನು ಧನುರ್ಮಾಸದ ಹುಗ್ಗಿಗೆ ಬೇಗ ಏಳುವ ದಿನಗಳ ಲಾಭ ಪಡೆಯುತ್ತೇನೆ: ರಾತ್ರಿ ಹತ್ತಕ್ಕೆ ಕಲಸಿ, ಅಡುಗೆಮನೆಯ ಕಟ್ಟೆಯ ಮೇಲೆ ಮುಚ್ಚಿಟ್ಟು, ಐದಕ್ಕೆ ಎದ್ದು ಎರಡು ಟಿನ್ನಿಗೆ ಹಾಕುತ್ತೇನೆ. ಆಗ ಈಸ್ಟ್ ಅರ್ಧಕ್ಕರ್ಧ ಸಾಕು. ಹಾಗೆ ನಿಧಾನವಾಗಿ ಹುದುಗಿದ ಹಿಟ್ಟಿಗೆ ಒಂದು ಸುವಾಸನೆ ಇರುತ್ತದೆ, ಅವಸರದ ಹಿಟ್ಟಿಗೆ ಅದು ಬರುವುದಿಲ್ಲ. ಕೈಹಿಡಿದು ಕಲಿಸುವವರು ಬೇಕೆನ್ನುವವರಿಗೆ ಹೆಬ್ಬಾಳದ ಕೃಷಿ ವಿಶ್ವವಿದ್ಯಾಲಯದ ಬೇಕಿಂಗ್ ತರಬೇತಿ ಕೇಂದ್ರ ನಮ್ಮ ಬಾಗಿಲಲ್ಲೇ ಇದೆ.

ಟಿನ್ನಿನ ಅಂಚಿಗೆ ಹಿಟ್ಟು ಬಂದಾಗ 180 ಡಿಗ್ರಿಯಲ್ಲಿ 35 ನಿಮಿಷ. ಮೇಲೆ ಬೇಗ ಕಂದಿದರೆ ಒಂದು ಹಾಳೆ ಮುಚ್ಚಿ. ಹೊರಗೆ ತೆಗೆದ ತಕ್ಷಣ ಉಳಿದ ಪರಂಗಿ ಪಾಕವನ್ನು ಬಿಸಿ ನೆತ್ತಿಗೆ ಸವರಿ. ಪಾಕ ಇನ್ನೂ ಅಂಟಂಟಾಗಿರುವಾಗ ಅದರ ಮೇಲೆ ಒಂದು ಹಿಡಿ ಜೀರಿಗೆ ಪೆಪ್ಪರಮೆಂಟು ಉದುರಿಸುತ್ತೇನೆ, ಎಳ್ಳುಬೆಲ್ಲಕ್ಕೆ ಬೆರೆಸುವ ಅದೇ ಬಣ್ಣಬಣ್ಣದ್ದು. ಕ್ರಿಸ್‌ಮಸ್‌ಗೆ ಸುಟ್ಟ ಬ್ರೆಡ್ಡಿನ ಮೇಲೆ ಸಂಕ್ರಾಂತಿಯ ಮಿಠಾಯಿ. ನಮ್ಮ ಬೀದಿಯಲ್ಲಿ ಈ ಎರಡು ಹಬ್ಬಗಳ ತಟ್ಟೆಗಳು ಒಂದೇ ಗೇಟುಗಳ ನಡುವೆ ಓಡಾಡುತ್ತವೆ. ಮಂಗಳೂರಿನವರ ಮನೆಯಿಂದ ಕ್ರಿಸ್‌ಮಸ್ ತಿಂಡಿಗಳ, ಅಂದರೆ ಕುಸ್ವಾರದ, ಡಬ್ಬಿ ಬರುತ್ತದೆ, ಅದೇ ಡಬ್ಬಿ ಮೂರು ವಾರ ಬಿಟ್ಟು ಎಳ್ಳುಬೆಲ್ಲ ತುಂಬಿಕೊಂಡು ವಾಪಸ್ಸಾಗುತ್ತದೆ.

ಬಿಸಿಯಾಗಿದ್ದಾಗ ಕತ್ತರಿಸಬೇಡಿ. ಮರುದಿನ ಬೆಳಿಗ್ಗೆ ಒಂದು ಚೂರು ಕತ್ತರಿಸಿ ಕಿಟಕಿಗೆ ಹಿಡಿದು ನೋಡಿ. ಕಾರ್ಖಾನೆಯ ಚೂರು ಬಣ್ಣ ಬಳಿದ ಕಲ್ಲಿನ ಹಾಗಿರುತ್ತದೆ, ಬೆಳಕು ಬಿಡುವುದಿಲ್ಲ. ಇದರಲ್ಲಿ ಬೀಟ್‌ರೂಟಿನ ಹೋಳಿನ ಮೂಲಕ ಬಿಸಿಲು ದಾಟಿ ಬ್ರೆಡ್ಡಿನ ಬಿಳಿಯ ಮೇಲೆ ಸಣ್ಣ ಗುಲಾಬಿ ಕಲೆ ಬೀಳುತ್ತದೆ. ಬಾಯಿಗಿಟ್ಟರೆ ಮೊದಲು ಸಕ್ಕರೆ, ಹಿಂದೆಯೇ ಸೌತೆಕಾಯಿಗೆ ಹತ್ತಿರದ ಒಂದು ತಣ್ಣನೆಯ ಹಸಿ ರುಚಿ, ಕಾಯಿಯದ್ದೇ ರುಚಿ, ಐದು ದಿನದ ಪಾಕದಲ್ಲೂ ಉಳಿದುಕೊಂಡಿದ್ದು.

ಒಂದು ಬ್ರೆಡ್ಡಿನ ಅರ್ಧವನ್ನು ಬಟರ್ ಪೇಪರಿನಲ್ಲಿ ಸುತ್ತಿ ದೊಡ್ಡಬಳ್ಳಾಪುರ ರಸ್ತೆಗೆ ತೆಗೆದುಕೊಂಡು ಹೋದೆ. ಗಾಡಿಯವರು ಒಂದು ಹೋಳನ್ನು ಬೆರಳಲ್ಲಿ ಬಿಡಿಸಿ ತೆಗೆದು, ಕಣ್ಣು ಮುಚ್ಚಿ ಜಗಿದರು. "ಹೌದು, ಪರಂಗೀನೇ" ಅಂದರು. ಈ ವಾರ ನನಗೆ ಮೂರು ಕಾಯಿ ಎತ್ತಿಟ್ಟಿದ್ದಾರೆ.