ಸಾಲದ ಕಂಠ, ಸ್ವಂತ ಕಂಠ

ಉಡುಪಿಯ ಮೋಹನ್‌ಗೆ ತಮಿಳರು ಇಟ್ಟ ಅಡ್ಡಹೆಸರು ‘ಮೈಕ್ ಮೋಹನ್’. ಎಂಬತ್ತರ ದಶಕದಲ್ಲಿ ಪರದೆ ಮೇಲೆ ಮೈಕು ಹಿಡಿದು ಹಾಡಿ ಹಾಡಿ ಗಿಟ್ಟಿಸಿದ ಬಿರುದು. ತಮಾಷೆಯೆಂದರೆ ಆ ಹಾಡು ಬಹುಪಾಲು ಎಸ್.ಪಿ. ಬಾಲಸುಬ್ರಹ್ಮಣ್ಯಂ ಅವರದು, ಮಾತು ಗಾಯಕ ಎಸ್.ಎನ್. ಸುರೇಂದರ್ ಅವರದು. ಎರಡೆರಡು ಕಂಠ ಸಾಲ ತಂದೂ ಮೋಹನ್ ಬೆಳ್ಳಿಹಬ್ಬದ ನಾಯಕರಾದರು.

ನಾಯಕನಿಗಾದರೆ ನಡೆದುಹೋಗುತ್ತದೆ. ಪೋಷಕ ನಟನಿಗೆ ಹಾಡಿಲ್ಲ, ಕುಣಿತವಿಲ್ಲ. ಸಿಕ್ಕುವುದು ನಾಲ್ಕೈದು ದೃಶ್ಯ. ಪರನಾಡಿನಲ್ಲಿ ಅವನ ಬಂಡವಾಳವೆಲ್ಲ ಗಂಟಲಿನಲ್ಲೇ.

‘ಬೇಡರ ಕಣ್ಣಪ್ಪ’ನ (1954) ಕಾಲದಲ್ಲಿ ಈ ಚಿಂತೆಯೇ ಇರಲಿಲ್ಲ. ಕನ್ನಡ ಚಿತ್ರರಂಗವೇ ಮದ್ರಾಸಿನ ಸ್ಟುಡಿಯೊಗಳಲ್ಲಿ ಬಿಡಾರ ಹೂಡಿತ್ತು. ಬಾಲಕೃಷ್ಣ, ನರಸಿಂಹರಾಜು ಅಲ್ಲಿದ್ದೂ ಕನ್ನಡದಲ್ಲೇ ನಗಿಸಿದರು. ಬೆಂಗಳೂರಿನ ಪ್ರಕಾಶ್ ರೈ ಹೊರಡುವ ಹೊತ್ತಿಗೆ ಆ ಬಿಡಾರ ಎದ್ದಿತ್ತು. ರಂಗಭೂಮಿ ಕಂಡಿದ್ದ, ದೂರದರ್ಶನದ ‘ಗುಡ್ಡದ ಭೂತ’ದಲ್ಲಿ ಮನೆಮಾತಾಗಿದ್ದ ಈ ನಟನ ಬಗ್ಗೆ ತಮಿಳು ನಿರ್ದೇಶಕ ಕೆ. ಬಾಲಚಂದರ್ ಕಿವಿಗೆ ಹಾಕಿದವರು ನಟಿ ಗೀತಾ. ‘ಡ್ಯುಯೆಟ್’ (1994) ಚಿತ್ರದಲ್ಲಿ ಪಾತ್ರ ಕೊಟ್ಟ ಬಾಲಚಂದರ್, ರೈ ಹೋಗಿ ರಾಜ್ ಆಗುವಂತೆಯೂ ಮಾಡಿದರು. ಮರುವರ್ಷ ‘ಆಸೈ’ನಲ್ಲಿ ನಾದಿನಿಯ ಮೇಲೆ ಕಣ್ಣಿಟ್ಟ ಸೇನಾಧಿಕಾರಿ. ಕೂಗಾಟವಿಲ್ಲದ ಆ ಖಳನನ್ನು ಕಂಡು ತಮಿಳು ಪ್ರೇಕ್ಷಕ ಬೆಚ್ಚಿದ.

ನಿಜವಾದ ಪರೀಕ್ಷೆ ಮಣಿರತ್ನಂ ಅವರ ‘ಇರುವರ್’ (1997). ಎಂ.ಜಿ.ಆರ್. ಮತ್ತು ಕರುಣಾನಿಧಿ ಅವರ ಸ್ನೇಹ, ವೈರಗಳಿಂದ ಹುಟ್ಟಿದ ಕಥೆ. ಎಂ.ಜಿ.ಆರ್. ನೆರಳಿನ ಪಾತ್ರ ಮಲಯಾಳದ ಮೋಹನ್‌ಲಾಲ್‌ಗೆ, ಕರುಣಾನಿಧಿ ನೆರಳಿನ ತಮಿಳ್‌ಸೆಲ್ವನ್ ಪ್ರಕಾಶ್‌ಗೆ. ತಮಿಳಿನ ಬಲದಿಂದಲೇ ಅಧಿಕಾರಕ್ಕೇರುವ ಕವಿ, ಭಾಷಣಕಾರನಾಗಿ ಒಬ್ಬ ಕನ್ನಡಿಗ! ಒಂದು ಉಚ್ಚಾರ ಎಡವಿದರೂ ತಮಿಳು ಸಭೆ ಕ್ಷಮಿಸುತ್ತಿರಲಿಲ್ಲ. ಶ್ರೇಷ್ಠ ಪೋಷಕ ನಟ ರಾಷ್ಟ್ರಪ್ರಶಸ್ತಿ ಬಂತು.

ಆಮೇಲೆ ಭಾಷೆಗಳೇ ಅವರನ್ನು ಹಂಚಿಕೊಂಡವು. ತೆಲುಗಿನ ‘ಒಕ್ಕಡು’ (2003) ತಮಿಳಿನಲ್ಲಿ ‘ಗಿಲ್ಲಿ’ (2004) ಆದಾಗ ನಾಯಕ ಮಹೇಶ್ ಬಾಬು ಹೋಗಿ ವಿಜಯ್ ಬಂದರು. ಖಳ ಮಾತ್ರ ಅವರೇ. ‘ಪೋಕಿರಿ’ ತೆಲುಗು, ತಮಿಳು ದಾಟಿ ಹಿಂದಿಯಲ್ಲಿ ‘ವಾಂಟೆಡ್’ (2009) ಆಯಿತು. ಮೂವರು ನಾಯಕರು, ಖಳ ಒಬ್ಬನೇ. ರೀಮೇಕ್ ಹಕ್ಕಿನ ಜೊತೆ ಖಳನನ್ನೂ ಕಟ್ಟಿಕೊಡುತ್ತಿದ್ದರೇನೋ! ಆದರೆ ನಕಲು ಎನ್ನುವಂತಿಲ್ಲ. ‘ಒಕ್ಕಡು’ವಿನ ಕರ್ನೂಲಿನಿಂದ ‘ಗಿಲ್ಲಿ’ಯ ಮಧುರೈಗೆ ಬಂದ ಖಳ ಮುತ್ತುಪಾಂಡಿಯಾಗಿ, ಕ್ರೌರ್ಯದ ನಡುವೆಯೇ ಹುಡುಗಿಯ ಮುಂದೆ ಪೆದ್ದನಂತೆ ಕರಗುತ್ತಾನೆ. 2024ರ ಏಪ್ರಿಲ್‌ನಲ್ಲಿ ‘ಗಿಲ್ಲಿ’ ಮರುಬಿಡುಗಡೆಯಾದಾಗ ಅವನಿಗೂ ಶಿಳ್ಳೆ ಬಿತ್ತು.

ಇಷ್ಟು ಮಾತಿನ ನಟನಿಗೆ ಶ್ರೇಷ್ಠ ನಟ ರಾಷ್ಟ್ರಪ್ರಶಸ್ತಿ ತಂದದ್ದು, ಬಾಯಿ ಬಿಗಿಹಿಡಿದ ಪಾತ್ರ. ಪ್ರಿಯದರ್ಶನ್ ಅವರ ‘ಕಾಂಚೀವರಂ’ನಲ್ಲಿ ಮಗಳ ಮದುವೆಗೆ ಸೀರೆ ನೇಯಲೆಂದು ನೇಕಾರ ವೆಂಗಡಂ ಧಣಿಯ ರೇಷ್ಮೆ ಎಳೆಯನ್ನು ಬಾಯಲ್ಲಿ ಬಚ್ಚಿಟ್ಟು ತರುತ್ತಾನೆ. ‘ಗಿಲ್ಲಿ’ಗಿಂತ ಇದೇ ಒಂದು ತೂಕ ಮೇಲು.

ಮುಂದಿನ ತಲೆಮಾರಿನ ಕನ್ನಡ ನಟ ಕಿಶೋರ್ ದಾರಿ ಬೇರೆ. ವೆಟ್ರಿಮಾರನ್ ಅವರ ‘ಪೊಲ್ಲಾದವನ್’ (2007) ಮೂಲಕ ತಮಿಳಿಗೆ ಹೋದವರು. ‘ವೆಣ್ಣಿಲಾ ಕಬಡಿ ಕುಳು’ವಿನಲ್ಲಿ ತರಬೇತುದಾರ. ಮಧುರೈನ ಕೋಳಿಅಂಕದ ಕಥೆ ‘ಆಡುಕಳಂ’ನಲ್ಲಿ (2011) ಅವರಿಗೆ ಕಂಠದಾನ ಮಾಡಿದವರು ನಟ, ನಿರ್ದೇಶಕ ಸಮುದ್ರಕನಿ. ಹಾಗಾದರೆ ಗಂಟಲೇ ಬಂಡವಾಳ ಎಂಬ ಮಾತು ಸುಳ್ಳಾಯಿತೇ? ಪೂರ್ತಿ ಅಲ್ಲ. ಕಿಶೋರ್ ಮಾತು ಕಡಿಮೆ ಇಟ್ಟು ನೋಟದಲ್ಲಿ ನಡೆಸುವ ನಟ. ‘ವಡ ಚೆನ್ನೈ’ನಲ್ಲಿ (2018) ಅದೇ ಸಮುದ್ರಕನಿ ಗುಣನಾಗಿ, ಕಿಶೋರ್ ಸೆಂಥಿಲ್ ಆಗಿ ಎದುರಾಳಿಗಳಾದರು.

ತಮಿಳರು ತಲೆಮಾರುಗಳಿಂದ ಓದಿಕೊಂಡು ಬಂದ ‘ಪೊನ್ನಿಯಿನ್ ಸೆಲ್ವನ್’ 2022ರಲ್ಲಿ ತೆರೆಗೆ ಬಂದಾಗ, ಹಾಸಿಗೆ ಹಿಡಿದ ಸುಂದರ ಚೋಳನಾಗಿ ಪ್ರಕಾಶ್ ರಾಜ್ ಇದ್ದರು. ಅವನ ವಂಶವನ್ನೇ ಮುಗಿಸಲು ಹೊಂಚು ಹಾಕುವ ರವಿದಾಸನ್ ನಮ್ಮ ಕಿಶೋರ್.