‘ಸಂಸ್ಕಾರ’ ಕೇಳುವ ಪ್ರಶ್ನೆ

ಸತ್ತವರನ್ನು ಮಣ್ಣು ಮಾಡುವುದೂ ಕರುಣೆಯ ಕಾರ್ಯಗಳಲ್ಲೊಂದೆಂದು ನಾವು ಜ್ಞಾನೋಪದೇಶದಲ್ಲಿ ಕಲಿತಿದ್ದೇವೆ. ಅರಸನ ಕೋಪಕ್ಕೂ ಅಂಜದೆ ತನ್ನ ಜನರ ಶವಗಳನ್ನು ಹೂಳಿದ ತೋಬಿತನ ಕಥೆಯನ್ನೂ ಬಲ್ಲೆವು. ಇದೇ ಕರ್ತವ್ಯವನ್ನು ಪ್ರಶ್ನೆಯಾಗಿಸಿಕೊಂಡ ಚಿತ್ರವೊಂದು ನಮ್ಮ ಶೃಂಗೇರಿಯ ಬಳಿಯ ವೈಕುಂಠಪುರದಲ್ಲಿ ತಯಾರಾಯಿತು. ಅದು ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’ (1970).

ರೆಡ್ಡಿಯವರು ಮೊದಲು ತೆಲುಗಿನ ಕವಿ. 1939ರಲ್ಲೇ ಹೊಸ ಬಗೆಯ ಕವನಗಳಿಂದ ಹೆಸರಾದವರು. ಯು.ಆರ್. ಅನಂತಮೂರ್ತಿಯವರ 1965ರ ಕಾದಂಬರಿಗೆ ಗಿರೀಶ ಕಾರ್ನಾಡರು ಚಿತ್ರಕಥೆ ಬರೆದರು. ಸರೋದ್ ವಾದಕ ರಾಜೀವ ತಾರಾನಾಥರು ಸಂಗೀತವಿತ್ತರು. ಸೆನ್ಸಾರ್ ಮಂಡಳಿ ಮೊದಲು ತಡೆದ ಈ ಚಿತ್ರವೇ ರಾಷ್ಟ್ರಪತಿಗಳ ಸ್ವರ್ಣಪದಕ ಪಡೆದ ಪ್ರಥಮ ಕನ್ನಡ ಚಿತ್ರವಾಯಿತು.

ಆಚಾರಗಳನ್ನೆಲ್ಲ ಮುರಿದು ಬದುಕಿದ ನಾರಣಪ್ಪ ಪ್ಲೇಗಿನಿಂದ ಸಾಯುತ್ತಾನೆ. ಅವನ ಸಂಸ್ಕಾರ ಯಾರು ಮಾಡಬೇಕು? ಸಜ್ಜನರೂ ಪಂಡಿತರೂ ಆದ ಪ್ರಾಣೇಶಾಚಾರ್ಯರು ಗ್ರಂಥಗಳನ್ನು ತಿರುವಿಹಾಕುತ್ತಾರೆ, ಉತ್ತರ ಸಿಗುವುದಿಲ್ಲ. ಹೆಣ ಕೊಳೆಯುತ್ತಿರುತ್ತದೆ. ಕೊನೆಗೆ ಅವನೊಡನೆ ಬಾಳಿದ, ಎಲ್ಲರೂ ಹೀಗಳೆದ ಚಂದ್ರಿಯೇ ಗುಟ್ಟಾಗಿ ಅದನ್ನು ದಹಿಸಿ ಊರು ಬಿಡುತ್ತಾಳೆ. ಕಾದಂಬರಿಯಲ್ಲಿ ಅವಳಿಗೆ ನೆರವಾಗುವವನು ಒಬ್ಬ ಮುಸ್ಲಿಂ ಮೀನು ವ್ಯಾಪಾರಿ. ಯೇಸುಸ್ವಾಮಿ ಹೇಳಿದ ಸಮಾರ್ಯದವನ ಸಾಮತಿ ನಿಮಗೆ ನೆನಪಾಗದಿರದು.

ಚಿತ್ರ ಯಾರನ್ನೂ ಖಳರನ್ನಾಗಿಸುವುದಿಲ್ಲ. ಆಚಾರ್ಯರ ತೊಳಲಾಟ ಪ್ರಾಮಾಣಿಕವಾದುದು. ಅದರಿಂದಲೇ ಅದು ನಮ್ಮನ್ನು ತಟ್ಟುತ್ತದೆ. ಆದರೂ ಒಂದು ಕೊರತೆಯುಂಟು. ಚಂದ್ರಿ ಹೊರಟ ಮೇಲೆ ಚಿತ್ರ ಆಚಾರ್ಯರನ್ನೇ ಹಿಂಬಾಲಿಸುತ್ತದೆ. ಕರ್ತವ್ಯವನ್ನು ನೆರವೇರಿಸಿದವಳ ಅಂತರಂಗ ನಮಗೆ ತೆರೆಯುವುದೇ ಇಲ್ಲ.

ಆ ಚಂದ್ರಿಯ ಪಾತ್ರ ವಹಿಸಿದವರು ನಿರ್ದೇಶಕರ ಪತ್ನಿ ಸ್ನೇಹಲತಾ ರೆಡ್ಡಿ. ಕ್ರೈಸ್ತ ಮನೆತನದಲ್ಲಿ ಜನಿಸಿದವರು. ತುರ್ತುಪರಿಸ್ಥಿತಿಯಲ್ಲಿ, 1976ರ ಮೇ ತಿಂಗಳಲ್ಲಿ, ಅವರ ಬಂಧನವಾಯಿತು. ಉಬ್ಬಸದಿಂದ ನರಳುತ್ತಲೇ ಬೆಂಗಳೂರಿನ ಸೆರೆಮನೆಯಲ್ಲಿ ಎಂಟು ತಿಂಗಳು ಕಳೆದ ಅವರು, ಪೆರೋಲ್ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು ತೀರಿಕೊಂಡರು. ರೆಡ್ಡಿಯವರು ಅನಂತರವೂ ‘ಚಂಡಮಾರುತ’, ‘ಶೃಂಗಾರಮಾಸ’, ‘ದೇವರಕಾಡು’ ಚಿತ್ರಗಳನ್ನು ನೀಡಿ 2006ರಲ್ಲಿ ನಿಧನರಾದರು. ಕನ್ನಡದಲ್ಲಿ ಅವರು ನಿರ್ದೇಶಿಸಿದವು ಬೆರಳೆಣಿಕೆಯ ಚಿತ್ರಗಳು. ಒಂದೂ ಪೇಟೆಯ ಬೇಡಿಕೆಗೆ ಮಣಿದುದಲ್ಲ.

ಕೊಪ್ಪ, ಶೃಂಗೇರಿ, ನರಸಿಂಹರಾಜಪುರದ ಕುಟುಂಬಗಳೇ, ಈ ಚಿತ್ರವನ್ನು ಮನೆಯ ಹಿರಿಯರೂ ಬೆಳೆದ ಮಕ್ಕಳೂ ಕೂಡಿ ನೋಡಿರಿ. ಆದರೆ ಅನ್ಯರ ಆಚಾರವನ್ನು ಹಳಿಯುವುದಕ್ಕಾಗಿ ನೋಡದಿರಿ. ವರ್ಷಗಟ್ಟಲೆ ದೇವಾಲಯದ ಮೆಟ್ಟಿಲು ತುಳಿಯದವನು, ಮದುವೆಯ ಕ್ರಮ ತಪ್ಪಿದವನು ನಮ್ಮ ಧರ್ಮಕೇಂದ್ರದಲ್ಲಿ ತೀರಿಕೊಂಡಾಗ, ನಿಯಮವನ್ನು ಕೇಳುವ ಮುನ್ನ ಆ ಮನೆಗೆ ಹೋಗಿ ಕುಳಿತುಕೊಳ್ಳುವವರು ನಮ್ಮಲ್ಲಿ ಎಷ್ಟು ಮಂದಿ?