ಒಂಟಿ ಎಳೆಯ ಪರವಾಗಿ

ಈ ವಾರ ವಿನ್‌ಆಂಪ್ ಸ್ಕಿನ್‌ಗಳ ಬಗ್ಗೆ ಬರೆಯುತ್ತೇನೆ ಎಂದಿದ್ದೆ. ಬರೆಯಲು ಕೂತೂ ಇದ್ದೆ. ಅಷ್ಟರಲ್ಲಿ ಓದುಗರೊಬ್ಬರ ಮೇಲ್ ಬಂತು: “ಮೊನೊಫೋನಿಕ್ ರಿಂಗ್‌ಟೋನನ್ನು ಸಂಗೀತ ಅಂತೀರಲ್ಲ ಸ್ವಾಮಿ, ಅದು ಮಿಕ್ಸಿ ಕೆಟ್ಟಾಗ ಬರೋ ಸದ್ದು. ಪಾಲಿಫೋನಿಕ್ ಬಂದ ಮೇಲೇ ಫೋನಿಗೆ ಕಿವಿಗೊಡೋ ಹಾಗಾಗಿದ್ದು.” ಆ ಪಂಥದವರು ಇನ್ನೂ ಇದ್ದಾರೆ ಎಂದಾಯಿತು. ಸ್ಕಿನ್‌ಗಳು ಕಾಯಲಿ.

2000ದ ನೋಕಿಯಾ 3310ರಲ್ಲಿ ರಿಂಗ್‌ಟೋನನ್ನು ನಾವೇ ಕೂಡಿಸಲು ಇದ್ದ ಕಂಪೋಸರ್ ಈ ಅಂಕಣದ ಹಳಬರಿಗೆ ಗೊತ್ತಿದ್ದದ್ದೇ. 8 ಒತ್ತಿದರೆ ಸ್ವರ ಗಿಡ್ಡ, 9 ಒತ್ತಿದರೆ ಉದ್ದ, ಸೊನ್ನೆಗೆ ಮೌನ, ಸ್ಟಾರಿಗೆ ಸ್ಥಾಯಿ. ನನ್ನ ತಕರಾರು ಇರುವುದು 1ರಿಂದ 7ರವರೆಗಿನ ಗುಂಡಿಗಳ ವಿಚಾರದಲ್ಲಿ. ಫಿನ್ಲೆಂಡಿನವರು ಅಲ್ಲಿ ಸಿ, ಡಿ, ಇ ಎಂದು ಶುರುಮಾಡಿ ಬಿ ತನಕ ಕೂರಿಸಿದ್ದರು. ನಮ್ಮ ಬೆರಳಿಗೆ ಸಿಕ್ಕಿದ್ದು ಸ ರಿ ಗ ಮ ಪ ದ ನಿ. ಸಿಯನ್ನು ಷಡ್ಜ ಮಾಡಿಕೊಂಡು ಸುಮ್ಮನೆ ಸಾಲಾಗಿ ಒತ್ತಿ, ಶಂಕರಾಭರಣ. 4 ಮತ್ತು 7 ಬಿಡಿ, ಮೋಹನ. 4 ಮತ್ತು 6 ಬಿಟ್ಟರೆ ಹಂಸಧ್ವನಿ. 4ರ ಮೇಲೊಂದು ಹ್ಯಾಷ್ ಹಾಕಿದರೆ ಕಲ್ಯಾಣಿ. ಸರಳೆ ವರಸೆಯ ಮಾಯಾಮಾಳವಗೌಳಕ್ಕೆ ಮಾತ್ರ ಕೊಂಚ ಕಸರತ್ತು: ಶುದ್ಧ ರಿಷಭ 2ರಲ್ಲಿ ಸಿಗುವುದಿಲ್ಲ, 1 ಒತ್ತಿ ಹ್ಯಾಷ್ ಒತ್ತಬೇಕು. ಶುದ್ಧ ಧೈವತವೂ ಹಾಗೆಯೇ, 5ರ ಹ್ಯಾಷ್. ಸಂಗೀತದ ಕ್ಲಾಸಿನಲ್ಲಿ ತೂಕಡಿಸುತ್ತಿದ್ದ ಹುಡುಗರು ಇದನ್ನು ಬಸ್‌ಸ್ಟಾಪಿನಲ್ಲಿ ನಿಂತು ಕಲಿತರು.

ಗಮಕ ಎಲ್ಲಿ ಎನ್ನುತ್ತೀರಾ? ಇಲ್ಲ, ಒಪ್ಪಿದೆ. ಹಾರ್ಮೋನಿಯಂ ಮೇಲೂ ಇದೇ ದೂರು ಹೊರಿಸಿ ಆಕಾಶವಾಣಿ 1940ರಲ್ಲಿ ಅದನ್ನು ಹೊರಗೆ ಹಾಕಿತ್ತು. ಹಾರ್ಮೋನಿಯಂ ಏನೂ ಸತ್ತುಹೋಗಲಿಲ್ಲ. ಗಮಕವೇ ಉಸಿರಾದ ತೋಡಿ ರಾಗದ ತಂಟೆಗೆ ಹೋಗದಿದ್ದರಾಯಿತು.

ಇನ್ನು ಪಾಲಿಫೋನಿಕ್. ಒಂದೇ ಎಳೆಯಲ್ಲಿ ನಡೆಯುವ ನಮ್ಮ ಸಂಗೀತಕ್ಕೆ ಏಕಕಾಲದಲ್ಲಿ ನಾಲ್ಕು ದನಿ ಯಾರು ಕೇಳಿದ್ದರು? ಕೆಳಗೊಂದು ತಗಡಿನ ಡ್ರಮ್ಮು, ಪಕ್ಕದಲ್ಲಿ ಕೊಳಲೆಂದು ಹೇಳಿಕೊಳ್ಳುವ ಏನೋ ಒಂದು. ಅದನ್ನು ನಾವೇ ಕೂಡಿಸುವ ಹಾಗೂ ಇರಲಿಲ್ಲ, ಪತ್ರಿಕೆಯ ಜಾಹೀರಾತಿನಲ್ಲಿದ್ದ ಕೋಡನ್ನು ಎಸ್ಸೆಮ್ಮೆಸ್ ಮಾಡಿ ಕೊಳ್ಳಬೇಕು. ನನ್ನ ಬ್ಯಾಲೆನ್ಸ್ ಹೋಯಿತು, ಟೋನ್ ಬರಲಿಲ್ಲ. ಕೇಳಿದರೆ ಆ ಕಂಪನಿಯವರು ಮತ್ತೊಮ್ಮೆ ಕಳಿಸಿ ನೋಡಿ ಸಾರ್ ಎಂದರು! ಆಮೇಲೆ ಎಂಪಿತ್ರೀ ಕಾಲ. ‘ಮುಂಗಾರು ಮಳೆ’ ಬಂದ ಮೇಲೆ ಬಸ್ಸಿನಲ್ಲಿ ಒಂದು ಫೋನ್ ಹಾಡಿದರೆ ಅರ್ಧ ಬಸ್ಸು ಜೇಬು ತಡಕುತ್ತಿತ್ತು. ಕೈಯಾರೆ ಒತ್ತಿದ ಟೋನಿನಲ್ಲಿ ಆ ಗೊಂದಲವೇ ಇಲ್ಲ. ಅದೇ ಹಾಡನ್ನು ಒಬ್ಬೊಬ್ಬರು ಒಂದೊಂದು ಜಾಗದಲ್ಲಿ ತಪ್ಪಾಗಿ ಒತ್ತಿರುತ್ತಿದ್ದರು. ತಮ್ಮ ತಪ್ಪು ಕೇಳಿಸಿದವರು ಫೋನ್ ಎತ್ತಿಕೊಳ್ಳುತ್ತಿದ್ದರು.

ಒಂಟಿ ಎಳೆಗೆ ಇನ್ನೊಂದು ಸಾಮರ್ಥ್ಯವಿದೆ, ಅದು ಅಕ್ಷರವನ್ನೂ ಹೊರುತ್ತದೆ. ಇದನ್ನು ನನಗೆ ತೋರಿಸಿಕೊಟ್ಟವರು ತಂತಿ ಇಲಾಖೆಯಿಂದ ನಿವೃತ್ತರಾಗಿ ನಮ್ಮ ಬೀದಿಯಲ್ಲೇ ಇದ್ದ ಹಿರಿಯರು. ನನ್ನ ಫೋನಿಗೆ ಮೆಸೇಜ್ ಬಂದು ಮೂರು ಗಿಡ್ಡ, ಎರಡು ಉದ್ದ, ಮತ್ತೆ ಮೂರು ಗಿಡ್ಡ ಕೂಗಿದ್ದೇ ತಡ, “ಏನ್ರೀ ಇದು, ಎಸ್ಸೆಮ್ಮೆಸ್ ಬಂತು ಅಂತ ಮೋರ್ಸ್ ಕೋಡಿನಲ್ಲೇ ಹೇಳ್ತಾ ಇದೆಯಲ್ಲ!” ಎಂದರು. ನೋಕಿಯಾದ ‘ಸ್ಪೆಷಲ್’ ಟೋನ್ ಅದು. ಪಕ್ಕದಲ್ಲೇ ‘ಅಸೆಂಡಿಂಗ್’ ಎಂಬ ಇನ್ನೊಂದಿತ್ತು, ಅದನ್ನೂ ಕೇಳಿಸಿದೆ. ಪೇಪರಿನ ಅಂಚಿನಲ್ಲಿ ಪೆನ್ನಿನಿಂದ ಚುಕ್ಕೆ, ಗೀಟು ಹಾಕಿಕೊಳ್ಳುತ್ತ ಮತ್ತೆ ಮತ್ತೆ ಹಾಕಿಸಿದರು. ಕಡೆಗೆ ‘ಕನೆಕ್ಟಿಂಗ್ ಪೀಪಲ್’ ಎಂದು ಓದಿದರು. ಕಂಪನಿಯ ಘೋಷವಾಕ್ಯ.

ಖುಷಿಪಟ್ಟರು ಅಂದುಕೊಂಡಿರಾ? “ಅಕ್ಷರದ ಮಧ್ಯೆ ಜಾಗ ಬಿಡೋದೇ ಗೊತ್ತಿಲ್ಲ ಇವನಿಗೆ. ನಮ್ಮ ಟ್ರೈನಿಂಗ್‌ನಲ್ಲಿ ಇಂಥವನನ್ನ ಪಾಸು ಮಾಡ್ತಿರಲಿಲ್ಲ” ಎಂದು ಫೋನ್ ವಾಪಸು ಕೊಟ್ಟರು.